ರಾಕ್ ಬ್ಯಾಂಡ್‌ನ ಮೊದಲ ತಿರುಗಾಟ: ವೇದಿಕೆಯ ಆಚೆಗಿನ ಲೆಕ್ಕಾಚಾರ

ಪ್ರವಾಸ ಹೊರಟ ರಾಕ್ ಬ್ಯಾಂಡೊಂದು ದಿನದಲ್ಲಿ ವೇದಿಕೆಯ ಮೇಲಿರುವುದು ಹೆಚ್ಚೆಂದರೆ ಒಂದೂವರೆ ಗಂಟೆ. ಉಳಿದ ಹೊತ್ತೆಲ್ಲ ವಾಹನದಲ್ಲಿ ಕೂರುವುದಕ್ಕೆ, ಸಾಮಾನು ಏರಿಸಿ ಇಳಿಸುವುದಕ್ಕೆ, ಸೌಂಡ್‌ಚೆಕ್‌ಗಾಗಿ, ಎಂದರೆ ಕಾರ್ಯಕ್ರಮಕ್ಕೆ ಮುಂಚಿನ ಧ್ವನಿ ಪರೀಕ್ಷೆಗಾಗಿ ಕಾಯುವುದಕ್ಕೆ, ಬಾಕಿ ಹಣ ಕೇಳುತ್ತಾ ಆಯೋಜಕರ ಹಿಂದೆ ಅಲೆಯುವುದಕ್ಕೆ ಮತ್ತು ಅದೃಷ್ಟವಿದ್ದರೆ ನಿದ್ದೆಗೆ ಹೋಗುತ್ತದೆ. ಬ್ಯಾಂಡ್‌ಗಳು ತಿಂಗಳುಗಟ್ಟಲೆ ತಾಲೀಮು ನಡೆಸುವುದು ಆ ಒಂದೂವರೆ ಗಂಟೆಗಾಗಿ. ಪ್ರವಾಸಗಳು ಕೆಡುವುದು ಮಾತ್ರ ಮಿಕ್ಕ ಇಪ್ಪತ್ತೆರಡೂವರೆ ಗಂಟೆಗಳಲ್ಲಿ. ಮ್ಯಾನೇಜರ್ ಇಲ್ಲದ, ಸಾಮಾನು ಹೊರಲು ಬೇರೆ ಆಳಿಲ್ಲದ, ಕರ್ನಾಟಕದಿಂದ ಮೊದಲ ಬಾರಿಗೆ ಹೊರರಾಜ್ಯಗಳಿಗೆ ಹೊರಡುತ್ತಿರುವ ನಾಲ್ಕೈದು ಜನರ ಬ್ಯಾಂಡೊಂದು ಆ ಗಂಟೆಗಳನ್ನು ಹೇಗೆ ನಿಭಾಯಿಸಬೇಕು ಎಂಬುದನ್ನು ಇಲ್ಲಿ ಹಂತ ಹಂತವಾಗಿ ವಿವರಿಸಲಾಗಿದೆ.

ತಿರುಗಾಟ ನಮ್ಮ ನಾಡಿಗೆ ಹೊಸದೇನಲ್ಲ. ಕರಾವಳಿಯ ಯಕ್ಷಗಾನ ಮೇಳಗಳು ದೀಪಾವಳಿಯ ಆಸುಪಾಸಿನಲ್ಲಿ ಹೊರಟು ಮೇ ಕೊನೆಯ ಪತ್ತನಾಜೆಯವರೆಗೆ ಊರಿಂದೂರಿಗೆ ಸಾಗುತ್ತವೆ. ಗುಬ್ಬಿ ಕಂಪನಿಯಂತಹ ನಾಟಕ ಮಂಡಳಿಗಳು ಊರೂರಿನಲ್ಲಿ ಕ್ಯಾಂಪ್ ಹಾಕಿ ದಶಕಗಳ ಕಾಲ ಬಾಳಿದವು. ಮಳೆಗಾಲದಲ್ಲಿ ಹೊರಡಬಾರದು ಎಂಬ ಅವರ ತಿಳಿವಳಿಕೆಯನ್ನು ಮಾತ್ರ ಇಲ್ಲಿ ಎರವಲು ಪಡೆದರೂ ಸಾಕು: ಬಯಲು ವೇದಿಕೆಯ ಕಾರ್ಯಕ್ರಮಗಳಿರುವ ಪ್ರವಾಸವನ್ನು ಅಕ್ಟೋಬರ್‌ನಿಂದ ಮಾರ್ಚ್ ನಡುವೆ ಇರಿಸಿಕೊಳ್ಳುವುದು ಕ್ಷೇಮ.

ಮೊದಲ ಹಂತ: ದಿನಾಂಕಕ್ಕಿಂತ ಮೊದಲು ನಕ್ಷೆ

ಸಿಕ್ಕ ದಿನಾಂಕಗಳನ್ನೆಲ್ಲ ಒಪ್ಪಿಕೊಂಡು ಆಮೇಲೆ ದಾರಿ ಹುಡುಕುವುದು ಹೊಸ ಬ್ಯಾಂಡ್‌ಗಳ ಸಾಮಾನ್ಯ ಪದ್ಧತಿ. ಅದು ಎಷ್ಟು ದುಬಾರಿಯಾಗಬಲ್ಲದು ಎಂಬುದಕ್ಕೆ ರಾಕ್ ಸಂಗೀತದ ಇತಿಹಾಸದಲ್ಲೇ ಒಂದು ಘೋರ ಉದಾಹರಣೆಯಿದೆ. 1959ರ ಚಳಿಗಾಲದಲ್ಲಿ ಅಮೆರಿಕದ ಮಧ್ಯಪಶ್ಚಿಮ ರಾಜ್ಯಗಳಲ್ಲಿ ನಡೆದ ‘ವಿಂಟರ್ ಡ್ಯಾನ್ಸ್ ಪಾರ್ಟಿ’ ಪ್ರವಾಸಕ್ಕೆ 24 ದಿನಗಳಲ್ಲಿ 24 ಊರುಗಳನ್ನು ಗೊತ್ತುಮಾಡಲಾಗಿತ್ತು. ಆದರೆ ಊರುಗಳ ನಡುವಿನ ದೂರವನ್ನು ಯಾರೂ ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲವಾದ್ದರಿಂದ ಬಸ್ಸು ಹೋದ ದಿಕ್ಕಿಗೇ ಮತ್ತೆ ಮತ್ತೆ ಹಿಂದಿರುಗಬೇಕಾಯಿತು. ಬಸ್ಸಿನ ಹೀಟರ್ ಕೆಟ್ಟು ಡ್ರಮ್ಮರ್ ಕಾರ್ಲ್ ಬಂಚ್ ಹಿಮಕಡಿತದಿಂದ ಆಸ್ಪತ್ರೆ ಸೇರಿದರು. ಇನ್ನೊಂದು ರಾತ್ರಿಯ ಬಸ್ ಪ್ರಯಾಣ ಬೇಡವೆಂದು ಪ್ರವಾಸದ ಮುಖ್ಯ ಗಾಯಕ ಬಡ್ಡಿ ಹಾಲಿ ಅಯೋವಾದ ಕ್ಲಿಯರ್ ಲೇಕ್‌ನಲ್ಲಿ ಬಾಡಿಗೆಗೆ ಪಡೆದ ಸಣ್ಣ ವಿಮಾನ ಫೆಬ್ರವರಿ 3ರ ನಸುಕಿನಲ್ಲಿ ಬಿದ್ದು ಅವರೂ ಜೊತೆಗಿನ ಗಾಯಕರಾದ ರಿಚಿ ವ್ಯಾಲೆನ್ಸ್ ಮತ್ತು ಜೆ. ಪಿ. ರಿಚರ್ಡ್ಸನ್ ಅವರೂ ಪೈಲಟ್ ಸಹಿತ ತೀರಿಕೊಂಡರು. ವಿಮಾನ ಬಿದ್ದುದಕ್ಕೆ ಕಾರಣ ಬೇರೆ. ಅವರು ಆ ವಿಮಾನ ಹತ್ತುವಂತಾದದ್ದಕ್ಕೆ ಕಾರಣ ಮಾತ್ರ ಪ್ರವಾಸದ ನಕ್ಷೆ.

ನಮ್ಮ ಕಡೆಗೆ ಬಂದರೆ, ಬೆಂಗಳೂರಿನಿಂದ ಹೈದರಾಬಾದ್ ಸುಮಾರು 570 ಕಿ.ಮೀ., ಅಲ್ಲಿಂದ ಪುಣೆ 560, ಪುಣೆಯಿಂದ ಮುಂಬೈ 150, ಮುಂಬೈಯಿಂದ ಗೋವಾ 590, ಪಣಜಿಯಿಂದ ಹುಬ್ಬಳ್ಳಿ 180, ಹುಬ್ಬಳ್ಳಿಯಿಂದ ಬೆಂಗಳೂರು 410. ಈ ಸುತ್ತು ಒಟ್ಟು ಸುಮಾರು 2,460 ಕಿ.ಮೀ. ಆಗುತ್ತದೆ. ಇದೇ ಆರು ಊರುಗಳನ್ನು ಮೊದಲು ಮುಂಬೈ, ಆಮೇಲೆ ಹೈದರಾಬಾದ್, ಅಲ್ಲಿಂದ ಗೋವಾ, ಮತ್ತೆ ಪುಣೆ ಎಂಬ ಕ್ರಮದಲ್ಲಿ ಜೋಡಿಸಿದರೆ ಸಾವಿರ ಕಿ.ಮೀ.ಗೂ ಹೆಚ್ಚು ದಾರಿ ಸುಮ್ಮನೆ ಬೆಳೆಯುತ್ತದೆ. ಶುಕ್ರವಾರ ಮತ್ತು ಶನಿವಾರಗಳೇ ಕ್ಲಬ್ಬು, ಪಬ್ಬುಗಳಲ್ಲಿ ಹೆಚ್ಚು ಜನ ಸೇರುವ, ಹೆಚ್ಚು ಹಣ ಸಿಗುವ ದಿನಗಳಾದ್ದರಿಂದ ಒಂದಕ್ಕೊಂದು ಹತ್ತಿರವಿರುವ ಎರಡು ಊರುಗಳನ್ನು, ಇಲ್ಲಿ ಪುಣೆ ಮತ್ತು ಮುಂಬೈಗಳನ್ನು, ಆ ಎರಡು ದಿನಗಳಿಗೆ ಕಾಯ್ದಿರಿಸಬೇಕು. ಹೈದರಾಬಾದನ್ನು ಬುಧವಾರಕ್ಕೆ ಹಾಕಿ ಗುರುವಾರವಿಡೀ ಪ್ರಯಾಣಕ್ಕೆ ಬಿಟ್ಟರೆ ಶುಕ್ರವಾರ ಪುಣೆಯ ವೇದಿಕೆಯಲ್ಲಿ ಬ್ಯಾಂಡ್ ಎಚ್ಚರವಾಗಿರುತ್ತದೆ. ದಿನವೊಂದಕ್ಕೆ 400 ಕಿ.ಮೀ.ಗಿಂತ ಹೆಚ್ಚು ರಸ್ತೆ ಪ್ರಯಾಣ ಮಾಡಿ ಅದೇ ಸಂಜೆ ನುಡಿಸುವ ಯೋಜನೆಯನ್ನು ಯಾರೇ ಮುಂದಿಟ್ಟರೂ ಒಪ್ಪಬಾರದು ಎಂಬುದು ನನ್ನ ಖಚಿತ ಅಭಿಪ್ರಾಯ.

ದಿನಾಂಕ ಒಪ್ಪುವ ಮೊದಲು ಪಂಚಾಂಗವನ್ನೂ ಚುನಾವಣಾ ವೇಳಾಪಟ್ಟಿಯನ್ನೂ ನೋಡಿಕೊಳ್ಳಿ. ಅಕ್ಟೋಬರ್ 2ರಂದು ಮದ್ಯ ಮಾರಾಟವಿಲ್ಲ. ಮತದಾನ ಮುಗಿಯುವ ಗಂಟೆಗೆ ಹಿಂದಿನ 48 ಗಂಟೆಗಳ ಕಾಲವೂ ಆ ಕ್ಷೇತ್ರದಲ್ಲಿ ಇಲ್ಲ. ಮದ್ಯದ ವ್ಯಾಪಾರದಿಂದಲೇ ನಡೆಯುವ ಪಬ್ಬು ಅಂತಹ ದಿನ ಕಾರ್ಯಕ್ರಮವನ್ನು ನಿಶ್ಶಬ್ದವಾಗಿ ರದ್ದುಮಾಡುತ್ತದೆ, ನಿಮ್ಮ ವಾಹನದ ಬಾಡಿಗೆ ಮಾತ್ರ ಓಡುತ್ತಲೇ ಇರುತ್ತದೆ. ಗಣೇಶ ವಿಸರ್ಜನೆಯ ದಿನ ಪುಣೆಯ ನಡುವೆ ಡ್ರಮ್ ಸೆಟ್ ಸಾಗಿಸುವ ಸಾಹಸಕ್ಕೂ ಕೈಹಾಕಬೇಡಿ.

ಎರಡನೆಯ ಹಂತ: ಹಣದ ಲೆಕ್ಕ

ಬ್ಯಾಂಡ್‌ನ ಹೆಸರಿನಲ್ಲಿ ಪ್ರತ್ಯೇಕ ಬ್ಯಾಂಕ್ ಖಾತೆ ತೆರೆಯುವುದು ಮೊದಲ ಕೆಲಸ. ಗಿಟಾರಿಸ್ಟ್‌ನ ಸಂಬಳದ ಖಾತೆಗೆ ಹಣ ಬಂದು, ಅದರಿಂದ ಅವನ ಮನೆಯ ಇಎಂಐ ಕಡಿತಗೊಂಡ ಮೇಲೆ ನಡೆಯುವ ಮಾತುಕತೆ ಯಾವ ಗೆಳೆತನಕ್ಕೂ ಒಳ್ಳೆಯದಲ್ಲ.

ವಾಹನದ ಬಾಡಿಗೆಯನ್ನು ಹೊಸಬರು ಯಾವಾಗಲೂ ಕಡಿಮೆ ಅಂದಾಜು ಮಾಡುತ್ತಾರೆ. ಹನ್ನೆರಡು ಸೀಟಿನ ಟೆಂಪೋ ಟ್ರಾವೆಲರ್ ಐದು ಜನರಿಗೂ ಒಬ್ಬ ಸೌಂಡ್ ಎಂಜಿನಿಯರ್‌ಗೂ ಸಾಮಾನಿಗೂ ಸರಿಹೋಗುತ್ತದೆ. ಟ್ರಾವೆಲ್ಸ್‌ನವರು ಹೊರಊರಿನ ಬಾಡಿಗೆಯನ್ನು ಕಿ.ಮೀ. ಲೆಕ್ಕದಲ್ಲಿ ಹೇಳುತ್ತಾರೆ, ಆದರೆ ದಿನಕ್ಕೆ ಕನಿಷ್ಠ 250ರಿಂದ 300 ಕಿ.ಮೀ. ಎಂಬ ಷರತ್ತು ಅದರ ಜೊತೆಗಿರುತ್ತದೆ. ಎಂದರೆ ವಾಹನ ಮುಂಬೈಯಲ್ಲಿ ದಿನವಿಡೀ ನಿಂತಿದ್ದರೂ ಆ ದಿನದ 300 ಕಿ.ಮೀ. ಹಣ ಕೊಡಲೇಬೇಕು. ಮೀಟರ್ ಓಡುವುದು ಅವರ ಗ್ಯಾರೇಜಿನಿಂದ ಗ್ಯಾರೇಜಿನವರೆಗೆ. ಚಾಲಕನ ಬಾಟಾ, ರಾತ್ರಿ ಬಾಟಾ, ಟೋಲ್, ಪಾರ್ಕಿಂಗ್, ಹೊರರಾಜ್ಯದ ಪರ್ಮಿಟ್ ಶುಲ್ಕ ಇವೆಲ್ಲ ಬೇರೆ. ಈ ಪ್ರತಿಯೊಂದನ್ನೂ ವಾಟ್ಸ್‌ಆ್ಯಪ್‌ನಲ್ಲಿ ಬರೆಸಿಕೊಂಡ ಮೇಲೆಯೇ ಮುಂಗಡ ಕೊಡಿ.

ಆಯೋಜಕರು ಹೇಳುವ ಮೊತ್ತವೇ ಕೈಗೆ ಬರುವುದಿಲ್ಲ. ವೃತ್ತಿಪರ ಸೇವೆಯ ಪಾವತಿಯೆಂದು ಕಂಪನಿಗಳು ಸಾಮಾನ್ಯವಾಗಿ ಶೇ. 10ರಷ್ಟು ಟಿಡಿಎಸ್, ಎಂದರೆ ಮೂಲದಲ್ಲೇ ಕಡಿತವಾಗುವ ತೆರಿಗೆ, ಮುರಿದುಕೊಳ್ಳುತ್ತವೆ. ಪ್ಯಾನ್ ಕೊಡದಿದ್ದರೆ ಅದು ಶೇ. 20ಕ್ಕೇರುತ್ತದೆ. ವರ್ಷದ ಒಟ್ಟು ವಹಿವಾಟು 20 ಲಕ್ಷ ರೂಪಾಯಿ ದಾಟಿದರೆ ಜಿಎಸ್‌ಟಿ ನೋಂದಣಿ ಅಗತ್ಯ, ಆಗ ಬಿಲ್ಲಿನ ಮೇಲೆ ಶೇ. 18 ಸೇರಿಸಬೇಕು. ಇಲ್ಲೊಂದು ವಿಚಿತ್ರವಿದೆ: ಜನಪದ ಅಥವಾ ಶಾಸ್ತ್ರೀಯ ಸಂಗೀತದ ಪ್ರದರ್ಶನಕ್ಕೆ ಸಂಭಾವನೆ 1.5 ಲಕ್ಷ ರೂಪಾಯಿ ಮೀರದಿದ್ದರೆ ಜಿಎಸ್‌ಟಿ ವಿನಾಯಿತಿ ಉಂಟು, ರಾಕ್‌ಗೆ ಇಲ್ಲ. ಹಾಗಾದರೆ ಶಿಶುನಾಳ ಶರೀಫರ ತತ್ವಪದವನ್ನು ಡಿಸ್ಟಾರ್ಷನ್ ಗಿಟಾರಿನ ಮೇಲೆ ಹಾಡುವ ಬ್ಯಾಂಡ್ ಯಾವ ಪಂಗಡಕ್ಕೆ ಸೇರುತ್ತದೆ? ಈ ಪ್ರಶ್ನೆಯನ್ನು ವೇದಿಕೆಯ ಮೇಲೆ ಬಗೆಹರಿಸುವುದು ಸುಲಭ, ತೆರಿಗೆ ಕಚೇರಿಯಲ್ಲಿ ಕಷ್ಟ. ಆದ್ದರಿಂದ ಚಾರ್ಟರ್ಡ್ ಅಕೌಂಟೆಂಟ್ ಒಬ್ಬರನ್ನು ಕೇಳಿಯೇ ಬಿಲ್ ಬರೆಯಿರಿ. ಸ್ವಂತ ಹಾಡುಗಳನ್ನು ನುಡಿಸುವವರು ಹಾಡುಗಳ ರಾಯಧನ ಸಂಗ್ರಹಿಸುವ ಐಪಿಆರ್‌ಎಸ್ ಸಂಸ್ಥೆಯ ಸದಸ್ಯತ್ವ ಪಡೆದು ಹಾಡುಗಳನ್ನು ನೋಂದಾಯಿಸಿಕೊಳ್ಳುವುದನ್ನೂ ಈ ಹಂತದಲ್ಲೇ ಮುಗಿಸಬೇಕು.

ಒಪ್ಪಂದದಲ್ಲಿ ಮೂರು ಸಂಗತಿಗಳು ಕಡ್ಡಾಯ: ದಿನಾಂಕ ಖಚಿತಪಡಿಸುವಾಗ ಅರ್ಧ ಹಣ, ವೇದಿಕೆ ಏರುವ ಮುನ್ನ ಉಳಿದರ್ಧ, ಮತ್ತು ಆಯೋಜಕರೇ ರದ್ದುಮಾಡಿದರೆ ಮುಂಗಡ ಹಿಂದಿರುಗಿಸಲಾಗದು ಎಂಬ ಸಾಲು. ಕಾಲೇಜು ಉತ್ಸವಗಳಲ್ಲಿ ಎರಡನೆಯದನ್ನು ಕೇಳಲು ಸಂಕೋಚವಾಗುತ್ತದೆ, ಏಕೆಂದರೆ ಎದುರಿಗೆ ನಿಂತಿರುವುದು ಹತ್ತೊಂಬತ್ತರ ಹುಡುಗ. ಆದರೂ ಕೇಳಬೇಕು. ಉತ್ಸವ ಮುಗಿದ ಮರುದಿನದಿಂದ ಆ ಹುಡುಗ ಪರೀಕ್ಷೆಗೆ ಓದುತ್ತಿರುತ್ತಾನೆ, ಅವನ ಫೋನ್ ಆಫ್ ಆಗಿರುತ್ತದೆ.

ಮೂರನೆಯ ಹಂತ: ಟೆಕ್ ರೈಡರ್

ಟೆಕ್ ರೈಡರ್ ಎಂದರೆ ವೇದಿಕೆಯಲ್ಲಿ ನಿಮಗೆ ಏನೇನು ಬೇಕು ಎಂಬುದರ ಪಟ್ಟಿ. ಅದರಲ್ಲಿ ಯಾರು ಎಲ್ಲಿ ನಿಲ್ಲುತ್ತಾರೆಂಬ ಚಿತ್ರ, ಧ್ವನಿ ಮಿಕ್ಸರಿನ ಚಾನೆಲ್ ಒಂದರಿಂದ ಕೊನೆಯವರೆಗೆ ಯಾವುದಕ್ಕೆ ಯಾವ ವಾದ್ಯ ಅಥವಾ ಮೈಕ್ ಎಂಬ ಇನ್‌ಪುಟ್ ಲಿಸ್ಟ್, ನುಡಿಸುವವರಿಗೆ ತಮ್ಮ ಸದ್ದು ಕೇಳಿಸುವ ಮಾನಿಟರ್ ಸ್ಪೀಕರ್‌ಗಳ ಸಂಖ್ಯೆ, ಬ್ಯಾಕ್‌ಲೈನ್, ಎಂದರೆ ಡ್ರಮ್ ಕಿಟ್ ಮತ್ತು ಆಂಪ್‌ಗಳ (ಆಂಪ್ಲಿಫೈಯರ್‌ಗಳ) ವಿವರ ಇರಬೇಕು. ಎರಡು ಪುಟ ಮೀರಿದರೆ ಯಾರೂ ಓದುವುದಿಲ್ಲ. ಮೊದಲ ಪ್ರವಾಸದಲ್ಲಿ ದೊಡ್ಡ ಆಂಪ್‌ಗಳನ್ನೂ ಇಡೀ ಡ್ರಮ್ ಕಿಟ್ಟನ್ನೂ ಹೊತ್ತೊಯ್ಯುವ ಅಗತ್ಯವಿಲ್ಲ. ಅವನ್ನು ಆಯೋಜಕರಿಂದಲೇ ಕೇಳಿ, ಸ್ನೇರ್, ಸಿಂಬಲ್‌ಗಳು, ಕಿಕ್ ಪೆಡಲ್, ಗಿಟಾರ್‌ಗಳು ಮತ್ತು ಅವುಗಳ ಸದ್ದನ್ನು ಬದಲಿಸುವ ಪೆಡಲ್‌ಬೋರ್ಡ್‌ಗಳನ್ನು ಮಾತ್ರ ಜೊತೆಗಿಟ್ಟುಕೊಳ್ಳಿ. ಬ್ಯಾಂಡ್‌ನ ಸ್ವರಗುಣ ನಿಂತಿರುವುದು ಹೆಚ್ಚಾಗಿ ಇವುಗಳ ಮೇಲೆ. ರೈಡರ್ ಕಳಿಸಿದ ಮೇಲೆ ಸ್ಥಳದ ಸೌಂಡ್ ಎಂಜಿನಿಯರ್‌ಗೆ ನೇರವಾಗಿ ಫೋನ್ ಮಾಡಿ ಒಂದೊಂದು ಸಾಲನ್ನೂ ಓದಿ ಹೇಳಬೇಕು. “ಎಲ್ಲಾ ಇದೆ ಸರ್” ಎಂಬ ಆಯೋಜಕರ ಉತ್ತರಕ್ಕೆ ಈ ಕ್ಷೇತ್ರದಲ್ಲಿ ಯಾವ ಅರ್ಥವೂ ಇಲ್ಲ.

ನಾಲ್ಕನೆಯ ಹಂತ: ಸಾಮಾನು ಕಟ್ಟುವುದು ಮತ್ತು ಸಾಗಿಸುವುದು

ಪ್ರತಿ ಪೆಟ್ಟಿಗೆಗೂ ಒಂದು ಸಂಖ್ಯೆ ಬರೆಯಿರಿ, ಯಾವುದರಲ್ಲಿ ಏನಿದೆ ಎಂಬ ಪಟ್ಟಿಯನ್ನೂ ಎಲ್ಲ ವಾದ್ಯಗಳ ಸೀರಿಯಲ್ ನಂಬರ್‌ನ ಫೋಟೋಗಳನ್ನೂ ಎಲ್ಲರ ಫೋನಿನಲ್ಲಿಡಿ. ವಾಹನ ಹತ್ತುವಾಗಲೂ ಇಳಿಯುವಾಗಲೂ ಒಬ್ಬರೇ, ದಿನವೂ ಅದೇ ವ್ಯಕ್ತಿ, ಎಣಿಸಬೇಕು.

ರಿಪೇರಿ ಚೀಲ ಬೇರೆಯೇ ಇರಲಿ. ತಂತಿಗಳ ಎರಡೆರಡು ಸೆಟ್, ಡ್ರಮ್ ಕೀ, ಕೋಲುಗಳು, 9 ವೋಲ್ಟ್ ಬ್ಯಾಟರಿಗಳು, ಗ್ಯಾಫರ್ ಟೇಪ್, ಹೆಚ್ಚುವರಿ ಗಿಟಾರ್ ಮತ್ತು ಮೈಕ್ ಕೇಬಲ್‌ಗಳು, ವಾದ್ಯವನ್ನು ನೇರ ಮಿಕ್ಸರಿಗೆ ಜೋಡಿಸುವ ಎರಡು ಡಿ.ಐ. ಬಾಕ್ಸ್, ಆಂಪ್‌ನ ಫ್ಯೂಸ್, 16 ಆಂಪಿಯರ್ ಸಾಕೆಟ್‌ನಿಂದ 6 ಆಂಪಿಯರ್‌ಗೆ ಬದಲಿಸುವ ಪ್ಲಗ್, ನಿಮ್ಮದೇ ಎಕ್ಸ್‌ಟೆನ್ಷನ್ ಬೋರ್ಡ್ ಮತ್ತು ಒಂದು ಮಲ್ಟಿಮೀಟರ್ ಅದರಲ್ಲಿರಬೇಕು. ಬೆಂಗಳೂರಿನ ಹವೆಗೆ ಒಗ್ಗಿದ ಗಿಟಾರಿನ ಕತ್ತು ಗೋವಾದ ತೇವಕ್ಕೆ ಬಾಗುವುದುಂಟು, ಹಾಗಾಗಿ ಕತ್ತಿನೊಳಗಿನ ಟ್ರಸ್ ರಾಡ್ ತಿರುಗಿಸುವ ಅಲೆನ್ ಕೀಯೂ ಬೇಕು. ವಿಮಾನದಲ್ಲಿ ಹೋಗುವುದಾದರೆ ಕಟ್ಟರ್, ಸ್ಕ್ರೂಡ್ರೈವರ್‌ಗಳಿರುವ ಈ ಚೀಲವನ್ನು ಚೆಕ್-ಇನ್ ಮಾಡಿ, ಇಲ್ಲವಾದರೆ ಅದು ಭದ್ರತಾ ತಪಾಸಣೆಯ ಸಿಐಎಸ್‌ಎಫ್ ಸಿಬ್ಬಂದಿಯ ಡಬ್ಬಿ ಸೇರುತ್ತದೆ. ಪವರ್ ಬ್ಯಾಂಕ್ ಮತ್ತು ಬಿಡಿ ಲಿಥಿಯಂ ಬ್ಯಾಟರಿಗಳ ನಿಯಮ ಇದಕ್ಕೆ ವಿರುದ್ಧ, ಅವು ಕೈಚೀಲದಲ್ಲೇ ಇರಬೇಕು.

ದೇಶದೊಳಗಿನ ವಿಮಾನಗಳಲ್ಲಿ ಸಾಮಾನ್ಯವಾಗಿ ಒಬ್ಬರಿಗೆ 15 ಕೆ.ಜಿ. ಚೆಕ್-ಇನ್, 7 ಕೆ.ಜಿ. ಕೈಚೀಲ. ಸಿಂಬಲ್ ಚೀಲವೊಂದೇ ಅದರ ಅರ್ಧಕ್ಕಿಂತ ಹೆಚ್ಚು ತಿಂದುಹಾಕುತ್ತದೆ. ರೈಲು ಈ ವಿಷಯದಲ್ಲಿ ಉದಾರಿ: ಎಸಿ ತ್ರಿ-ಟಯರ್ ಮತ್ತು ಸ್ಲೀಪರ್‌ನಲ್ಲಿ ತಲಾ 40 ಕೆ.ಜಿ., ಎಸಿ ಟೂ-ಟಯರ್‌ನಲ್ಲಿ 50 ಕೆ.ಜಿ. ಉಚಿತ. ಅದಕ್ಕಿಂತ ಹೆಚ್ಚಿನದನ್ನು ಪಾರ್ಸೆಲ್ ಕಚೇರಿಯಲ್ಲಿ ಬುಕ್ ಮಾಡಿ ರೈಲಿನ ಸಾಮಾನು ಬೋಗಿಗೆ, ಎಂದರೆ ಬ್ರೇಕ್‌ವ್ಯಾನಿಗೆ ಹಾಕಬೇಕು, ಮತ್ತು ಅದು ನೀವು ಹತ್ತುವ ರೈಲಿಗೇ ಏರಿತೆಂಬುದನ್ನು ಒಬ್ಬರು ಪ್ಲಾಟ್‌ಫಾರಂನಲ್ಲಿ ನಿಂತು ಕಣ್ಣಾರೆ ನೋಡಬೇಕು. ಮುಂಗಡ ಕಾಯ್ದಿರಿಸುವಿಕೆ ಈಗ 60 ದಿನ ಮೊದಲಷ್ಟೇ ತೆರೆಯುತ್ತದೆ, ಒಂದು ಟಿಕೆಟ್‌ನಲ್ಲಿ ಆರು ಜನರಿಗೆ ಮಾತ್ರ ಅವಕಾಶ. ತತ್ಕಾಲ್‌ನಲ್ಲಿ ನಾಲ್ಕೇ ಜನ, ಐದನೆಯವನಿಗೆ ಬೇರೆ ಟಿಕೆಟ್. ಗಿಟಾರನ್ನು ಸೀಟಿನ ಕೆಳಗೆ ತಳ್ಳಬೇಡಿ, ನೆಲಕ್ಕೆ ಚೆಲ್ಲಿದ ನೀರು ಹರಿಯುವುದು ಅಲ್ಲಿಯೇ. ಮೇಲಿನ ಬರ್ತ್ ಕೇಳಿ ಪಡೆದು, ಗೋಡೆ ಬದಿಗೆ ಗಿಟಾರ್, ಹೊರಬದಿಗೆ ನೀವು ಮಲಗುವುದು ಹಳೆಯ, ಪರೀಕ್ಷಿತ ಉಪಾಯ.

ಐದನೆಯ ಹಂತ: ರಸ್ತೆಯಲ್ಲಿ

ಅಮೆರಿಕದ ಮೆಟಲ್ ತಂಡ ಮೆಟಾಲಿಕಾ 2011ರಲ್ಲಿ ಬೆಂಗಳೂರಿನ ಅರಮನೆ ಮೈದಾನಕ್ಕೆ ಬಂದಾಗ ಬೇಸ್ ನುಡಿಸಿದವರು ರಾಬರ್ಟ್ ಟ್ರುಹಿಯೊ. ಆ ತಂಡದ ಹಿಂದಿನ, ಹೆಸರಾಂತ ಬೇಸಿಸ್ಟ್ ಕ್ಲಿಫ್ ಬರ್ಟನ್ 1986ರ ಸೆಪ್ಟೆಂಬರ್ 27ರ ಮುಂಜಾನೆ ಸ್ವೀಡನ್ನಿನ ಹೆದ್ದಾರಿಯಲ್ಲಿ ಪ್ರವಾಸದ ಬಸ್ಸು ಮಗುಚಿ ತೀರಿಕೊಂಡಿದ್ದರು. ಹಿಂದಿನ ಸಂಜೆ ಸ್ಟಾಕ್‌ಹೋಮ್‌ನಲ್ಲಿ ನುಡಿಸಿ ರಾತ್ರಿಯಿಡೀ ಕೋಪನ್‌ಹೇಗನ್ ಕಡೆಗೆ ಸಾಗುತ್ತಿದ್ದ ಪಯಣವದು. ಕಾರ್ಯಕ್ರಮ ಮುಗಿಸಿ ರಾತ್ರಿಯೇ ಹೊರಡುವ ಅಭ್ಯಾಸ ನಮ್ಮಲ್ಲೂ ಇದೆ, ಕಾರಣವೂ ಸರಳ: ಒಂದು ರಾತ್ರಿಯ ಕೋಣೆ ಬಾಡಿಗೆ ಉಳಿಯುತ್ತದೆ. ನೀವು ಸೌಂಡ್‌ಚೆಕ್ ಮಾಡುತ್ತಿದ್ದಾಗ ಚಾಲಕ ನಿದ್ದೆ ಮಾಡಿದರೇ ಎಂಬುದನ್ನು ಮಾತ್ರ ಯಾರೂ ಕೇಳುವುದಿಲ್ಲ. ಸಾಮಾನ್ಯವಾಗಿ ಅವರು ಪಾರ್ಕಿಂಗ್ ಜಾಗ ಕಾಯುತ್ತಾ ಬಿಸಿಲಿನಲ್ಲಿ ಕೂತಿರುತ್ತಾರೆ. ಮೋಟಾರು ಸಾರಿಗೆ ಕಾರ್ಮಿಕರ ಕಾಯ್ದೆ 1961ರಲ್ಲೇ ದಿನಕ್ಕೆ 8 ಗಂಟೆಯ ದುಡಿಮೆಯ ಮಿತಿ ಹಾಕಿತ್ತು. ರಾತ್ರಿ ಪ್ರಯಾಣ ತಪ್ಪದಿದ್ದರೆ ಇಬ್ಬರು ಚಾಲಕರನ್ನು ಕರೆದೊಯ್ಯಿರಿ. ಒಬ್ಬರೇ ಇದ್ದರೆ ಅವರಿಗೂ ಕೋಣೆ ಹಿಡಿಯಿರಿ, “ಅಣ್ಣ, ನೀವು ಊಟ ಮಾಡಿ ಮಲಗಿ, ಬೆಳಗ್ಗೆ ಆರಕ್ಕೆ ಹೊರಡೋಣ” ಎಂದು ಹೇಳುವ ಜವಾಬ್ದಾರಿಯನ್ನು ಬ್ಯಾಂಡ್‌ನ ಒಬ್ಬರಿಗೆ ವಹಿಸಿ. ಅವರ ಪಕ್ಕದ ಸೀಟಿನಲ್ಲಿ ಸರದಿಯಂತೆ ಒಬ್ಬರು ಎಚ್ಚರವಾಗಿ ಕೂರುವುದೂ ಕಡ್ಡಾಯವಾಗಲಿ.

ದಾರಿಯ ನಿರ್ಬಂಧಗಳನ್ನೂ ತಿಳಿದಿರಬೇಕು. ಗುಂಡ್ಲುಪೇಟೆಯಿಂದ ವಯನಾಡಿಗೂ ಊಟಿಗೂ ಹೋಗುವ ಬಂಡೀಪುರದ ರಸ್ತೆಗಳಲ್ಲಿ ರಾತ್ರಿ 9ರಿಂದ ಬೆಳಗಿನ 6ರವರೆಗೆ ಸಾಮಾನ್ಯ ವಾಹನಗಳಿಗೆ ಪ್ರವೇಶವಿಲ್ಲ. ಕೋಯಿಕ್ಕೋಡ್‌ನಲ್ಲಿ ಸಂಜೆ ನುಡಿಸಿ ಮಧ್ಯರಾತ್ರಿಗೆ ಮೈಸೂರು ದಾರಿ ಹಿಡಿದವರು ಚೆಕ್‌ಪೋಸ್ಟ್‌ನಲ್ಲಿ ಬೆಳಗು ಕಾಯಬೇಕಾಗುತ್ತದೆ. ಮಳೆಗಾಲದಲ್ಲಿ ಶಿರಾಡಿ, ಚಾರ್ಮಾಡಿ ಘಾಟಿಗಳು ಮಣ್ಣು ಕುಸಿದು ಯಾವಾಗ ಮುಚ್ಚುತ್ತವೆಂದು ಹೇಳಲಾಗದಾದ್ದರಿಂದ ಮಂಗಳೂರಿನ ಕಾರ್ಯಕ್ರಮಕ್ಕೆ ಹಿಂದಿನ ದಿನವೇ ಇಳಿದಿರುವುದು ಒಳ್ಳೆಯದು.

ಆರನೆಯ ಹಂತ: ಕಾರ್ಯಕ್ರಮದ ದಿನ

ಬಯಲಿನಲ್ಲಿ ಧ್ವನಿವರ್ಧಕ ಬಳಕೆಗೆ ರಾತ್ರಿ 10ರಿಂದ ಬೆಳಗಿನ 6ರವರೆಗೆ ನಿಷೇಧವಿದೆ. ರಾಜ್ಯ ಸರ್ಕಾರ ವಿಶೇಷವಾಗಿ ಮಧ್ಯರಾತ್ರಿಯವರೆಗೆ ಸಡಿಲಿಕೆ ಕೊಡಬಹುದಾದದ್ದು ವರ್ಷಕ್ಕೆ 15 ದಿನ ಮಾತ್ರ. ಆದ್ದರಿಂದ ದಿನದ ವೇಳಾಪಟ್ಟಿಯನ್ನು 10 ಗಂಟೆಯಿಂದ ಹಿಂದಕ್ಕೆ ಬರೆಯಬೇಕು. 9.45ಕ್ಕೆ ಕೊನೆಯ ಹಾಡು ಮುಗಿಯಬೇಕಾದರೆ 8.30ಕ್ಕೆ ವೇದಿಕೆ ಏರಬೇಕು, ಜನ ಒಳಬರುವ 7ಕ್ಕೆ ಮೊದಲು ಸೌಂಡ್‌ಚೆಕ್‌ಗಳೆಲ್ಲ ಮುಗಿದಿರಬೇಕು, ಅದಕ್ಕೆ 3.30ಕ್ಕೆ ಆರಂಭವಾಗಬೇಕು, ಹಾಗಾದರೆ 2.30ಕ್ಕೆ ವಾಹನ ಸ್ಥಳದಲ್ಲಿರಬೇಕು. ಕೊನೆಯಲ್ಲಿ ನುಡಿಸುವ ತಂಡ ಮೊದಲು ಸೌಂಡ್‌ಚೆಕ್ ಮಾಡುವುದು, ಮೊದಲು ನುಡಿಸುವ ತಂಡ ಕೊನೆಯಲ್ಲಿ ಮಾಡುವುದು ಪದ್ಧತಿ, ಏಕೆಂದರೆ ಆಗ ಮೊದಲು ನುಡಿಸುವವರ ಸಾಮಾನು ಇದ್ದಲ್ಲೇ ಇರುತ್ತದೆ.

ಸೌಂಡ್‌ಚೆಕ್‌ಗೂ ಮುನ್ನ ಮಾಡಬೇಕಾದ ಒಂದು ಕೆಲಸವನ್ನು ಸ್ವಲ್ಪ ವಿವರವಾಗಿ ಹೇಳಬೇಕು, ಏಕೆಂದರೆ ಇದನ್ನು ಹೆಚ್ಚಿನವರು ಮಾಡುವುದಿಲ್ಲ. ‘ಸ್ಟೋನ್ ದ ಕ್ರೋಸ್’ ತಂಡದ ಗಿಟಾರಿಸ್ಟ್ ಲೆಸ್ ಹಾರ್ವಿ 1972ರ ಮೇ 3ರಂದು ವೇಲ್ಸ್‌ನ ಸ್ವಾನ್ಸೀ ನಗರದಲ್ಲಿ, ಅರ್ತಿಂಗ್ ಸರಿಯಿಲ್ಲದ ವೇದಿಕೆಯಲ್ಲಿ ಮೈಕ್ ಮುಟ್ಟಿದೊಡನೆ ವಿದ್ಯುದಾಘಾತದಿಂದ ಸತ್ತರು. ಗಿಟಾರಿನ ತಂತಿಗಳು ಕೇಬಲ್ ಮೂಲಕ ಆಂಪ್‌ನ ಅರ್ತ್‌ಗೆ ಸೇರಿರುತ್ತವೆ. ಮೈಕಿನ ಲೋಹದ ಜಾಲರಿ ಮಿಕ್ಸರಿನ ಅರ್ತ್‌ಗೆ. ಆಂಪ್ ಒಂದು ಲೈನಿನಿಂದ, ಮಿಕ್ಸರ್ ಜನರೇಟರ್‌ನ ಇನ್ನೊಂದು ಲೈನಿನಿಂದ ವಿದ್ಯುತ್ ಪಡೆಯುತ್ತಿದ್ದು, ಎರಡರಲ್ಲೊಂದರ ಅರ್ತ್ ಕಡಿದುಹೋಗಿದ್ದರೆ, ತಂತಿಯ ಮೇಲೆ ಕೈಯಿಟ್ಟು ಮೈಕಿಗೆ ತುಟಿ ತಾಗಿಸುವ ಹಾಡುಗಾರನ ಮೈಯೇ ಎರಡರ ನಡುವಿನ ತಂತಿಯಾಗುತ್ತದೆ. ಮಲ್ಟಿಮೀಟರನ್ನು ಎಸಿ ವೋಲ್ಟ್‌ನ ಅತಿ ಹೆಚ್ಚಿನ ಮಟ್ಟಕ್ಕೆ ತಿರುಗಿಸಿ, ಒಂದು ಮೊನೆಯನ್ನು ಗಿಟಾರಿನ ತಂತಿಗೂ ಇನ್ನೊಂದನ್ನು ಮೈಕಿನ ಜಾಲರಿಗೂ ತಾಗಿಸಿ. ಲೋಹದ ತುದಿಗೆ ಬೆರಳು ಸೋಕಬಾರದು. ಒಂದೆರಡು ವೋಲ್ಟ್ ದಾಟಿದರೆ ಕಾರಣ ಹುಡುಕಬೇಕು. ಹತ್ತಾರು ವೋಲ್ಟ್ ತೋರಿಸಿದರೆ ಸರಿಯಾಗುವವರೆಗೆ ಯಾರೂ ಏನನ್ನೂ ಮುಟ್ಟಬಾರದು. “ಅಣ್ಣ, ಸ್ವಲ್ಪ ಜುಮ್ ಅನ್ನುತ್ತೆ ಅಷ್ಟೆ, ಏನೂ ಆಗಲ್ಲ” ಎಂದು ಸ್ಥಳೀಯ ಎಲೆಕ್ಟ್ರಿಷಿಯನ್ ಹೇಳಿದಾಗ ನಗುತ್ತಲೇ ನಿರಾಕರಿಸಿ. ಆಂಪ್ ಮತ್ತು ಮಿಕ್ಸರ್‌ಗಳನ್ನು ಒಂದೇ ಅರ್ತ್ ಇರುವ ಲೈನಿಗೆ ತರುವುದೇ ಬಹುಪಾಲು ಪರಿಹಾರ. ಹಮ್ ಶಬ್ದ ಹೋಗಲೆಂದು ಪ್ಲಗ್ಗಿನ ಮೂರನೆಯ ಪಿನ್ ಮುರಿಯುವ ಕೆಟ್ಟ ಪದ್ಧತಿ ನಮ್ಮಲ್ಲಿ ವ್ಯಾಪಕವಾಗಿದೆ, ಅದಕ್ಕೆ ಡಿ.ಐ. ಬಾಕ್ಸ್‌ನಲ್ಲಿರುವ ಗ್ರೌಂಡ್ ಲಿಫ್ಟ್ ಗುಂಡಿಯನ್ನು ಬಳಸಬೇಕು, ಪಿನ್ನನ್ನು ಎಂದಿಗೂ ಮುಟ್ಟಬಾರದು.

ಉಳಿದದ್ದು ವಾಡಿಕೆಯಂತೆ: ಡ್ರಮ್ಸ್, ಬೇಸ್, ಗಿಟಾರ್, ಕೀಬೋರ್ಡ್, ಕೊನೆಗೆ ಹಾಡುಗಾರಿಕೆ. ಸೌಂಡ್‌ಚೆಕ್ ಎಂದರೆ ತಾಲೀಮಲ್ಲ; ಅತಿ ಗದ್ದಲದ ಒಂದು ಹಾಡು, ಅತಿ ಮೆಲ್ಲಗಿನ ಒಂದು ಹಾಡು, ಅಷ್ಟು ಸಾಕು.

ಏಳನೆಯ ಹಂತ: ದೇಹ ಮತ್ತು ಮನಸ್ಸು

ಕಿವಿಯಿಂದ ಆರಂಭಿಸೋಣ. ಅಮೆರಿಕದ ಔದ್ಯೋಗಿಕ ಆರೋಗ್ಯ ಸಂಸ್ಥೆ ಎನ್‌ಐಒಎಸ್‌ಎಚ್‌ನ ಶಿಫಾರಸಿನಂತೆ 85 ಡೆಸಿಬಲ್ ಸದ್ದಿನಲ್ಲಿ ದಿನಕ್ಕೆ 8 ಗಂಟೆ ಇರಬಹುದು, ಪ್ರತಿ 3 ಡೆಸಿಬಲ್ ಏರಿದಂತೆ ಆ ಅವಧಿ ಅರ್ಧವಾಗುತ್ತದೆ. 100 ಡೆಸಿಬಲ್‌ಗೆ ಉಳಿಯುವುದು 15 ನಿಮಿಷ. ಸಿಂಬಲ್ ಪಕ್ಕದಲ್ಲಿ ನಿಂತ ಗಿಟಾರಿಸ್ಟ್ ಮೂರ್ನಾಲ್ಕು ಹಾಡು ಮುಗಿಯುವಷ್ಟರಲ್ಲಿ ಅದನ್ನು ಮುಗಿಸಿರುತ್ತಾನೆ. ಸಂಗೀತಗಾರರಿಗೆಂದೇ ಸಿಗುವ ಇಯರ್‌ಪ್ಲಗ್‌ಗಳು ಸ್ವರವನ್ನು ಮಂಕಾಗಿಸದೆ ಸದ್ದನ್ನಷ್ಟೇ ಇಳಿಸುತ್ತವೆ. ತಾಲೀಮಿನಲ್ಲೇ ಅವನ್ನು ಅಭ್ಯಾಸ ಮಾಡಿಕೊಳ್ಳದವರು ವೇದಿಕೆಯಲ್ಲಿ ಕಿತ್ತೆಸೆಯುತ್ತಾರೆ.

ಹಾಡುವವರು ಕಾರ್ಯಕ್ರಮದ ಮರುದಿನ ಎಸಿ ವಾಹನದಲ್ಲಿ ಗದ್ದಲದ ಮೇಲೆ ಗದ್ದಲ ಮಾಡುತ್ತಾ ಹರಟುವುದು ಗಂಟಲಿಗೆ ಹಾಡುಗಳಿಗಿಂತ ಹೆಚ್ಚು ಹಾನಿ ಮಾಡುತ್ತದೆ. ಪಿಸುಗುಟ್ಟುವುದೂ ವಿಶ್ರಾಂತಿಯಲ್ಲ. ನೀರು, ಹಬೆ, ಮೌನ ಈ ಮೂರೇ ಮದ್ದು. ಊಟವನ್ನು ವೇದಿಕೆಗೆ ಎರಡು ಮೂರು ಗಂಟೆ ಮೊದಲೇ ಮುಗಿಸಿ, ಹೊಸ ಊರಿನ ಪ್ರಸಿದ್ಧ ಬಿರಿಯಾನಿಯನ್ನು ಕಾರ್ಯಕ್ರಮದ ನಂತರಕ್ಕೆ ಇಟ್ಟುಕೊಳ್ಳಿ. ಕಪ್ಪು ಟಿ-ಶರ್ಟ್‌ಗಳನ್ನು ರಾತ್ರಿಯೇ ಹಿಂಡಿ ಫ್ಯಾನಿನಡಿ ಹರಡಿದರೆ ಬೆಳಗ್ಗೆ ಒಣಗಿರುತ್ತವೆ, ಚೀಲದಲ್ಲಿ ಒದ್ದೆಯಾಗಿ ತುರುಕಿದರೆ ಮೂರನೆಯ ದಿನಕ್ಕೆ ವಾಹನದೊಳಗೆ ಯಾರೂ ಕೂರಲಾಗುವುದಿಲ್ಲ.

ಜಗಳಗಳ ಬಗ್ಗೆ ಬ್ಯಾಂಡ್‌ಗಳು ಮುಂಚಿತವಾಗಿ ಮಾತಾಡಲು ಇಷ್ಟಪಡುವುದಿಲ್ಲ, ಆದರೆ ಅವು ಬರುವ ಹೊತ್ತು ಮಾತ್ರ ನಿಶ್ಚಿತ: ಕಾರ್ಯಕ್ರಮ ಮುಗಿದ ಅರ್ಧ ಗಂಟೆಯೊಳಗೆ, ಹಸಿವು ಮತ್ತು ಆಯಾಸಗಳು ಒಟ್ಟಿಗೆ ಇರುವಾಗ. “ನೀನು ಎರಡನೇ ಹಾಡಿನಲ್ಲಿ ಬೇಗ ಬಂದೆ” ಎಂಬ ಮಾತನ್ನು ಆ ರಾತ್ರಿ ಯಾರೂ ಆಡಬಾರದೆಂಬ ನಿಯಮವನ್ನು ಹೊರಡುವ ಮೊದಲೇ ಮಾಡಿಕೊಳ್ಳಿ. ಮರುದಿನ ತಿಂಡಿಯಾದ ಮೇಲೆ ಹತ್ತು ನಿಮಿಷ ಅದಕ್ಕೆಂದೇ ಇರಲಿ, ಆ ಹತ್ತು ನಿಮಿಷದಲ್ಲಿ ಎಲ್ಲವನ್ನೂ ಹೇಳಿ ಮುಗಿಸಲಿ. ಹಣದ ಲೆಕ್ಕ ಒಬ್ಬರಿಗೆ, ವಾಹನ ಮತ್ತು ವಸತಿ ಒಬ್ಬರಿಗೆ, ವೇದಿಕೆಯ ತಾಂತ್ರಿಕ ಮಾತುಕತೆ ಒಬ್ಬರಿಗೆ, ಟಿ-ಶರ್ಟ್ ಮತ್ತು ಸಿ.ಡಿ. ಮಾರಾಟ ಒಬ್ಬರಿಗೆ ಎಂದು ಹಂಚಿಕೊಂಡರೆ, ಆಯಾ ವಿಷಯದಲ್ಲಿ ಅವರ ಮಾತೇ ಅಂತಿಮವಾಗಬೇಕು. ಗೊರಕೆ ಹೊಡೆಯುವವರನ್ನು ಒಂದೇ ಕೋಣೆಗೆ ಹಾಕುವುದರಲ್ಲಿ ಅವಮಾನವೇನೂ ಇಲ್ಲ.

ಈಶಾನ್ಯಕ್ಕೆ ಅಥವಾ ಕಡಲಾಚೆಗೆ ಹೊರಟರೆ

ರಾಕ್ ಸಂಗೀತವನ್ನು ನಿಜವಾಗಿ ಮನೆಮಾತಾಗಿಸಿಕೊಂಡಿರುವುದು ಈಶಾನ್ಯ ಭಾರತ, ಹಾಗಾಗಿ ಶಿಲ್ಲಾಂಗ್, ಕೊಹಿಮಾ, ಐಝಾಲ್‌ಗಳ ಆಸೆ ಸಹಜ. ನಾಗಾಲ್ಯಾಂಡ್, ಮಿಜೋರಾಂ, ಅರುಣಾಚಲ ಪ್ರದೇಶ ಮತ್ತು ಮಣಿಪುರಗಳಿಗೆ ಹೊರರಾಜ್ಯದವರು ಇನ್ನರ್ ಲೈನ್ ಪರ್ಮಿಟ್ ಪಡೆಯಬೇಕು. ಐದೂ ಜನರ ಅರ್ಜಿಯನ್ನು ಟಿಕೆಟ್ ಮಾಡಿಸಿದ ದಿನವೇ ಸಲ್ಲಿಸಿ. ಡಿಸೆಂಬರ್ 1ರಿಂದ 10ರವರೆಗೆ ಕೊಹಿಮಾ ಬಳಿಯ ಕಿಸಾಮಾದಲ್ಲಿ ಹಾರ್ನ್‌ಬಿಲ್ ಉತ್ಸವ ನಡೆಯುವಾಗ ಕೊಹಿಮಾದಲ್ಲಿ ಕೋಣೆ ಸಿಗುವುದು ದುರ್ಲಭ.

ಬೆಂಗಳೂರಿನ ಮೆಟಲ್ ತಂಡ ಕ್ರಿಪ್ಟೋಸ್ 2010ರಲ್ಲಿ ಯುರೋಪ್ ಪ್ರವಾಸ ಮಾಡಿ 2013ರಲ್ಲಿ ಜರ್ಮನಿಯ ವಾಕನ್ ಉತ್ಸವದಲ್ಲಿ ನುಡಿಸಿತು. ರಘು ದೀಕ್ಷಿತ್ ಅವರ ತಂಡ 2011ರಲ್ಲಿ ಇಂಗ್ಲೆಂಡಿನ ಗ್ಲಾಸ್ಟನ್‌ಬರಿಯಲ್ಲಿ ಕನ್ನಡ ಹಾಡುಗಳನ್ನು ಕೇಳಿಸಿತು. ಒಂದೇ ವೀಸಾ ನಡೆಯುವ ಯುರೋಪಿನ ಷೆಂಗೆನ್ ದೇಶಗಳಲ್ಲಿ ಯಾವುದೇ 180 ದಿನಗಳಲ್ಲಿ 90 ದಿನ ಮೀರಿ ಇರುವಂತಿಲ್ಲ. ಅಮೆರಿಕದ ಕನ್ನಡ ಸಂಘಗಳು ಕರೆದರೆ ಪ್ರವಾಸಿ ವೀಸಾದಲ್ಲಿ ಹೋಗಿ ಸಂಭಾವನೆಗೆ ನುಡಿಸಬಾರದು, ಕಲಾವಿದರಿಗೆ ಪಿ ವರ್ಗದ ವೀಸಾ ಬೇಕು. ವಾದ್ಯಗಳು ಹೋಗಿ ಬರುವಾಗ ಕಸ್ಟಮ್ಸ್‌ನಲ್ಲಿ ಸುಂಕದ ಪ್ರಶ್ನೆ ಏಳದಂತೆ ಭಾರತೀಯ ವಾಣಿಜ್ಯ ಮತ್ತು ಕೈಗಾರಿಕಾ ಒಕ್ಕೂಟ ಎಫ್‌ಐಸಿಸಿಐ (ಫಿಕ್ಕಿ) ನೀಡುವ ಎಟಿಎ ಕಾರ್ನೆಟ್ ಎಂಬ ದಾಖಲೆಯ ಬಗ್ಗೆ ವಿಚಾರಿಸಿ. ಯುರೋಪಿನಲ್ಲಿ ವಿದ್ಯುತ್ ನಮ್ಮಂತೆಯೇ 230 ವೋಲ್ಟ್, ಪ್ಲಗ್ ಬದಲಿಸಿದರಾಯಿತು. ಅಮೆರಿಕದ್ದು 120 ವೋಲ್ಟ್ ಆದ್ದರಿಂದ ಪೆಡಲ್‌ಬೋರ್ಡ್‌ನ ಅಡಾಪ್ಟರ್ ಮೇಲೆ ‘100–240’ ಎಂದು ಬರೆದಿದೆಯೇ ನೋಡಿಕೊಳ್ಳಬೇಕು.

ಮರಳಿದ ಮೇಲೆ

ಊರು ತಲುಪಿದ ಒಂದು ವಾರದೊಳಗೆ ಎಲ್ಲರೂ ಸೇರಿ ಲೆಕ್ಕ ಮುಗಿಸಬೇಕು. ತಿಂಗಳು ಕಳೆದರೆ ರಸೀದಿಗಳು ಮಾಸುತ್ತವೆ, ನೆನಪುಗಳು ಬೇರೆ ಬೇರೆಯಾಗುತ್ತವೆ. ಒಟ್ಟು ಬಂದದ್ದರಲ್ಲಿ ಮೊದಲು ವಾಹನ ಮತ್ತು ವಸತಿ, ಆಮೇಲೆ ಸೌಂಡ್ ಎಂಜಿನಿಯರ್‌ನ ಸಂಭಾವನೆ, ಅದಾದ ಮೇಲೆ ರಿಪೇರಿ ನಿಧಿ, ಉಳಿದದ್ದನ್ನಷ್ಟೇ ಸಮನಾಗಿ ಹಂಚಿ. ಏನೂ ಉಳಿಯದಿದ್ದರೆ ಯಾವ ಊರಿನಲ್ಲಿ ಎಷ್ಟು ಕಳೆದೆವೆಂಬುದು ಕಾಗದದ ಮೇಲಿರಲಿ, ಮುಂದಿನ ವರ್ಷ ಆ ಊರಿನವರು ಕರೆದಾಗ ಕೇಳಬೇಕಾದ ಮೊತ್ತ ಅದರಿಂದಲೇ ಗೊತ್ತಾಗುತ್ತದೆ. ಸಿಂಬಲ್‌ನ ಬಿರುಕು, ಸಡಿಲಗೊಂಡ ಜ್ಯಾಕ್, ಹರಿದ ಚೀಲ ಎಲ್ಲವನ್ನೂ ಪಟ್ಟಿಮಾಡಿ ಆ ವಾರವೇ ರಿಪೇರಿಗೆ ಕೊಡಿ. ಮುರಿದುಕೊಂಡ ಟಿಡಿಎಸ್ ಮೊತ್ತ ನಿಮ್ಮ ಪ್ಯಾನ್‌ಗೆ ಜಮೆಯಾಗಿದೆಯೇ ಎಂಬುದನ್ನು ತ್ರೈಮಾಸಿಕ ಮುಗಿದ ಮೇಲೆ ಆದಾಯ ತೆರಿಗೆ ಇಲಾಖೆಯ ಜಾಲತಾಣದಲ್ಲಿ ನೋಡಿ, ಕಾಣದಿದ್ದರೆ ಆಯೋಜಕರ ಲೆಕ್ಕಪತ್ರ ವಿಭಾಗಕ್ಕೆ ಬಿಲ್ ಸಂಖ್ಯೆ ಸಹಿತ ಇಮೇಲ್ ಬರೆಯಿರಿ. ಫೋನಿನಲ್ಲಿ ಕೇಳಿದ್ದಕ್ಕೆ ದಾಖಲೆ ಇರುವುದಿಲ್ಲ.